ಶೆನೊನ್ಸೋಗೆ ಹೋದರೆ ಗ್ಯಾಲರಿಯ ಕೊನೆಯ ಬಾಗಿಲ ತನಕ ನಡೆಯಿರಿ

ಪ್ಯಾರಿಸ್‌ಗೆ ಬಂದಾಗ ಒಂದು ದಿನ ಬಿಡುವು ಮಾಡಿಕೊಂಡು ಶೆನೊನ್ಸೋಗೆ ಹೋಗಬಹುದಾ, ಅಷ್ಟು ಚಿಕ್ಕ ಹಳ್ಳಿಯಲ್ಲಿ ಕೋಟೆ ಬಿಟ್ಟು ಏನಿದೆ ಅಂತ ಕೇಳಿದ್ದೀರಿ. ಖಂಡಿತ ಹೋಗಿ. ತೂರ್ ಪಟ್ಟಣದಲ್ಲಿ ಓದುತ್ತಿದ್ದಾಗ ನಾನು ನಾಲ್ಕು ಸಲ ಹೋಗಿದ್ದೆ.

ಊರಲ್ಲಿ 400 ಜನರೂ ಇಲ್ಲ. ಅರ್ಧ ಗಂಟೆಯಲ್ಲಿ ಸುತ್ತಿ ಮುಗಿಯುತ್ತದೆ. ಊರಿನ ಹೆಸರಿನ ಕೊನೆಗೆ ಫ್ರೆಂಚಿನಲ್ಲಿ ಎಕ್ಸ್ ಅಕ್ಷರ ಬರೆಯುತ್ತಾರೆ, ಅರಮನೆಯ ಹೆಸರಿಗೆ ಅದಿಲ್ಲ. ಟಿಕೆಟ್ ಹುಡುಕುವಾಗ ಗೊಂದಲ ಬೇಡ.

ಹೌದು, ಅರಮನೆ. ಕೋಟೆ ಅಂದುಕೊಂಡು ಹೋಗಬೇಡಿ. ಮೊದಲು ಅಲ್ಲಿ ಕೋಟೆ ಇತ್ತು, ನದಿಯಲ್ಲಿ ಒಂದು ಹಿಟ್ಟಿನ ಗಿರಣಿಯೂ ಇತ್ತು. ರಾಜನ ಹಣಕಾಸು ನೋಡಿಕೊಳ್ಳುತ್ತಿದ್ದ ತೊಮಾ ಬೊಯಿಯೆ ಅದನ್ನು ಕೊಂಡ. ಒಂದು ಬುರುಜು ಉಳಿಸಿ ಮಿಕ್ಕಿದ್ದೆಲ್ಲ ಕೆಡವಿಸಿ, ಗಿರಣಿಯ ಅಡಿಪಾಯದ ಮೇಲೆ 1513ರಿಂದ ಹೊಸದು ಕಟ್ಟಿಸಿದ. ಅವನು ಯುದ್ಧದ ಕೆಲಸಕ್ಕೆ ಇಟಲಿಯಲ್ಲಿರುತ್ತಿದ್ದ. ನಿಂತು ಕಟ್ಟಿಸಿದವಳು ಹೆಂಡತಿ ಕ್ಯಾಥರೀನ್ ಬ್ರಿಸೊನೆ.

ಅಲ್ಲಿಂದ ಮುಂದೆಯೂ ಹೆಂಗಸರದೇ ಕತೆ. ಫ್ರಾನ್ಸಿನ ರಾಜ ಎರಡನೇ ಹೆನ್ರಿ ಇದನ್ನು ತನ್ನ ಪ್ರೇಯಸಿ ಡಿಯಾನ್ ದ ಪ್ವಾತಿಯೆಗೆ ಕೊಟ್ಟ. ಅವಳು ಶೆರ್ ನದಿಗೆ ಅಡ್ಡಲಾಗಿ ಸೇತುವೆ ಕಟ್ಟಿಸಿದಳು. 1559ರಲ್ಲಿ ರಾಜ ಸತ್ತ. ರಾಣಿ ಕ್ಯಾಥರೀನ್ ದ ಮೆಡಿಚಿ ಅವಳಿಗೆ ಶೋಮೋಂ ಅನ್ನೋ ಬೇರೆ ಅರಮನೆ ಕೊಟ್ಟು, ಇದನ್ನು ಬಿಡಿಸಿಕೊಂಡಳು. ಆಮೇಲೆ ಆ ಸೇತುವೆಯ ಮೇಲೇ 60 ಮೀಟರ್ ಉದ್ದದ ಗ್ಯಾಲರಿ, ಅಂದರೆ ಒಂದು ಉದ್ದನೆಯ ಹಜಾರ, ಕಟ್ಟಿಸಿದಳು. ಇಬ್ಬರ ತೋಟಗಳೂ ಇವತ್ತಿಗೂ ಅವರವರ ಹೆಸರಲ್ಲೇ ಇವೆ. ಅಡುಗೆಮನೆ ತಪ್ಪಿಸಬೇಡಿ. ಅದು ನೀರಿನಲ್ಲಿ ನಿಂತ ಕಂಬಗಳ ಒಳಗಿದೆ. ಸಾಮಾನು ದೋಣಿಯಲ್ಲಿ ಬಂದು ಅಲ್ಲೇ ಇಳಿಯುತ್ತಿತ್ತು.

ಆದರೆ ನಾನು ಮತ್ತೆ ಮತ್ತೆ ಹೋಗಿದ್ದು ಆ ಗ್ಯಾಲರಿಗೋಸ್ಕರ. ಜಾಸ್ತಿ ಜನ ಅಲ್ಲಿ ಫೋಟೋ ತೆಗೆದು ಅರ್ಧಕ್ಕೇ ವಾಪಸ್ ಬರುತ್ತಾರೆ. ಮೊದಲ ಮಹಾಯುದ್ಧದಲ್ಲಿ ಅದು ಆಸ್ಪತ್ರೆಯಾಗಿತ್ತು. ಚಾಕೊಲೇಟ್ ವ್ಯಾಪಾರದ ಮೆನಿಯೆ ಕುಟುಂಬ 1913ರಲ್ಲಿ ಅರಮನೆ ಕೊಂಡಿತ್ತು. ಅವರೇ ಸ್ವಂತ ಖರ್ಚಿನಲ್ಲಿ ನಡೆಸಿದರು. ಎರಡು ಸಾವಿರಕ್ಕೂ ಹೆಚ್ಚು ಗಾಯಾಳುಗಳು ಅಲ್ಲಿ ಮಲಗಿದ್ದರು. ಕಿಟಕಿಯ ಕೆಳಗೆ ನದಿ ಹರಿಯುತ್ತಿತ್ತು, ಅಲ್ವಾ, ಅವರ ಕಣ್ಣಿಗೆ ಅದೊಂದು ಸಮಾಧಾನ ಆಗಿರಬಹುದು.

1940ರಲ್ಲಿ ಫ್ರಾನ್ಸ್ ಸೋತಾಗ ಇಲ್ಲಿ ಶೆರ್ ನದಿಯೇ ಗಡಿರೇಖೆ ಆಯಿತು. ಅರಮನೆಯ ಮುಂಬಾಗಿಲು ಜರ್ಮನರು ಹಿಡಿದ ಕಡೆ. ಗ್ಯಾಲರಿಯ ಕೊನೆಯ ಬಾಗಿಲು ಅವರು ಹಿಡಿಯದ ಕಡೆ. ತಪ್ಪಿಸಿಕೊಳ್ಳುವವರನ್ನು ಈ ಬಾಗಿಲಿನಿಂದ ಆಚೆ ದಾಟಿಸುತ್ತಿದ್ದರು. ರಾಣಿ ಮೆರೆಯಲು ಕಟ್ಟಿಸಿದ ಅದೇ 60 ಮೀಟರ್. ಮೊದಲ ಸಲ ಅಲ್ಲಿ ನಿಂತಾಗ ನನಗೆ ಮಾತೇ ಬರಲಿಲ್ಲ.

ತೂರ್‌ನಿಂದ ರೈಲು ಹಿಡಿಯಿರಿ, ನಿಲ್ದಾಣದಿಂದ ಗೇಟಿಗೆ ನಡೆದೇ ಹೋಗಬಹುದು. ಬೆಳಿಗ್ಗೆ ಬಾಗಿಲು ತೆಗೆಯುವ ಹೊತ್ತಿಗೆ ಅಲ್ಲಿರಿ, ಆಮೇಲೆ ಟೂರಿಸ್ಟ್ ಬಸ್ಸುಗಳು ಬರುತ್ತವೆ. ಕೊನೆಯ ಬಾಗಿಲು ತೆರೆದಿದ್ದರೆ ಆಚೆ ದಡಕ್ಕೆ ಇಳಿದು, ಒಂದು ಸಲ ಹಿಂದಿರುಗಿ ನೋಡಿ.