ಕೆಲಸ ಬಿಟ್ಟು ಇಂಡಿ ರಾಕ್ ಬ್ಯಾಂಡನ್ನೇ ನಂಬಿ ಬದುಕಬಹುದೇ?

ಪುಣೆಯಲ್ಲಿ ಸಾಫ್ಟ್‌ವೇರ್ ಕೆಲಸ, ವಾರಾಂತ್ಯಕ್ಕೆ ನಾಲ್ವರ ಇಂಡಿ (ಅಂದರೆ ರೆಕಾರ್ಡ್ ಕಂಪನಿಯ ಆಸರೆಯಿಲ್ಲದ, ಸ್ವತಂತ್ರ) ಬ್ಯಾಂಡ್, ಕೈಯಲ್ಲಿ ಆರು ಸ್ವಂತ ಹಾಡು; ಕೆಲಸ ಬಿಟ್ಟು ಇದನ್ನೇ ಹಿಡಿದರೆ ಹೊಟ್ಟೆ ತುಂಬೀತೇ, ಕನ್ನಡದಲ್ಲಿ ಹಾಡಿದರೆ ಇಲ್ಲಿ ಯಾರಾದರೂ ಕೇಳುವರೇ ಎಂದು ವಿಚಾರಿಸಿದ್ದೀರಿ. ನಾನು ಮುಂಬಯಿಯ ಬ್ಯಾಂಡೊಂದರಲ್ಲಿ ಹದಿನೆಂಟು ವರ್ಷಗಳಿಂದ ಬೇಸ್ ಗಿಟಾರ್ ನುಡಿಸುತ್ತಿದ್ದೇನೆ. ಹೊಟ್ಟೆ ತುಂಬುತ್ತದೆ, ಆದರೆ ನನ್ನ ವರಮಾನದಲ್ಲಿ ಬ್ಯಾಂಡಿನ ಪಾಲು ಕಾಲುಭಾಗವನ್ನು ದಾಟಿದ ವರ್ಷ ಒಂದೂ ನೆನಪಿಲ್ಲ.

ನನ್ನ ತಂದೆ ಕುಂದಾಪುರದ ಕಡೆಯವರು. ಮಾಟುಂಗದ ಹೋಟೆಲೊಂದರಲ್ಲಿ ಲೋಟ ತೊಳೆಯುವುದರಿಂದ ಆರಂಭಿಸಿ, ಕನ್ನಡ ರಾತ್ರಿಶಾಲೆಯಲ್ಲಿ ಓದಿ, ಗಲ್ಲೆಯ ಮೇಲೆ ಕೂರುವ ತನಕ ಬಂದರು. ದಿನದ ಲೆಕ್ಕ ಬರೆಯದೆ ಎಂದೂ ಮಲಗಿದವರಲ್ಲ. ಆ ಚಟ ನನಗೂ ಅಂಟಿರುವುದರಿಂದ, ಕಳೆದ ಫೆಬ್ರುವರಿಯಲ್ಲಿ ಲೋವರ್ ಪರೇಲ್‌ನಲ್ಲಿ ನುಡಿಸಿದ ಒಂದು ಗಿಗ್‌ನ, ಅಂದರೆ ಕಾರ್ಯಕ್ರಮದ, ಲೆಕ್ಕವನ್ನು ಪುಸ್ತಕ ನೋಡಿಯೇ ಹೇಳುತ್ತೇನೆ. ಬಂದ ಹಣ 20,000 ರೂಪಾಯಿ. ಗಂಟೆಗೆ 500ರಂತೆ ಮೂರು ದಿನ, ದಿನಕ್ಕೆ ಮೂರು ಗಂಟೆ ಜ್ಯಾಮ್ ಪ್ಯಾಡಿನ (ಬ್ಯಾಂಡ್ ಅಭ್ಯಾಸದ ಕೋಣೆಯ) ಬಾಡಿಗೆ 4,500. ಸೌಂಡ್ ಎಂಜಿನಿಯರಿಗೆ 3,000. ಡ್ರಮ್ಮಿನ ಸ್ಟ್ಯಾಂಡು, ಸಿಂಬಲ್, ಆಂಪ್ಲಿಫೈಯರ್ ಹೊತ್ತು ಲೋಕಲ್ ರೈಲು ಹತ್ತಲಾಗದ್ದರಿಂದ ಚೆಂಬೂರಿನಿಂದ ಹೋಗಿಬರುವ ಎರಡು ಟ್ಯಾಕ್ಸಿಗೆ 2,400. ತಂತಿ, ಬ್ಯಾಟರಿ 900. ಉಳಿದ 9,200ನ್ನು ನಾಲ್ವರು ಹಂಚಿಕೊಂಡರೆ ತಲೆಗೆ 2,300. ಅದು ಕೈಗೆ ಬಂದದ್ದು ನಲವತ್ತೆರಡನೆಯ ದಿನ. ಇದನ್ನು ಕೆಟ್ಟ ಗಿಗ್ ಎಂದುಕೊಳ್ಳಬೇಡಿ. ಜನ ತುಂಬಿದ್ದರು, ಕೊನೆಯ ಹಾಡನ್ನು ಎರಡು ಸಲ ನುಡಿಸಿದೆವು.

ಇಂಡಿ ಎಂದರೆ ಯಾರ ಹಂಗೂ ಇಲ್ಲದ ಬದುಕು ಎಂಬ ಕಲ್ಪನೆ ನನಗೂ ಇತ್ತು. ರೆಕಾರ್ಡ್ ಕಂಪನಿಯ ಹತ್ತು ಜನ ಹಂಚಿಕೊಂಡು ಮಾಡುವ ಕೆಲಸವನ್ನು ನಾವೇ ಹೊರುವುದಕ್ಕೆ ಆ ಹೆಸರು ಎಂಬುದು ಕೆಲಸಕ್ಕೆ ಇಳಿದ ಮೇಲೆ ತಿಳಿಯಿತು. ಗೋವೆಯ ಸಿಯೋಲಿಮ್‌ನ ಗಾಯಕ ರೆಮೊ ಫೆರ್ನಾಂಡಿಸ್ 1984ರಲ್ಲಿ ಮನೆಯಲ್ಲೇ ಹಾಡು ಧ್ವನಿಮುದ್ರಿಸಿ, ಕ್ಯಾಸೆಟ್‌ಗಳನ್ನು ಸ್ಕೂಟರಿನಲ್ಲಿ ಹೇರಿಕೊಂಡು ಅಂಗಡಿ ಅಂಗಡಿಗೆ ತಾವೇ ಮುಟ್ಟಿಸಿದವರು. ಇಂದು ಸ್ಕೂಟರಿನ ಜಾಗಕ್ಕೆ ವಿತರಣಾ ತಾಣಗಳು ಬಂದಿವೆ, ಅಷ್ಟೇ. ಒಂದಿಷ್ಟು ಶುಲ್ಕ ಕಟ್ಟಿದರೆ ನಿಮ್ಮ ಹಾಡು ಎಲ್ಲ ಆ್ಯಪ್‌ಗಳಿಗೂ ಹೋಗುತ್ತದೆ. ಹೋಗುವುದು ಬೇರೆ, ಗಳಿಸುವುದು ಬೇರೆ. ಹನ್ನೆರಡು ತಿಂಗಳಲ್ಲಿ 1,000 ಬಾರಿಯಾದರೂ ಕೇಳಲ್ಪಡದ ಹಾಡಿಗೆ ಸ್ಪಾಟಿಫೈ 2024ರಿಂದ ಬಿಡಿಗಾಸನ್ನೂ ಕೊಡುವುದಿಲ್ಲ.

ವೇದಿಕೆಗಳ ವಿಷಯದಲ್ಲಿ ಮುಂಬಯಿ ಕೊಟ್ಟೂ ಕಿತ್ತುಕೊಂಡೂ ಅಭ್ಯಾಸವಾದದ್ದು. ಧೋಬಿ ತಲಾವ್ ಬಳಿಯ ರಂಗಭವನ ಎಂಬ ಬಯಲು ರಂಗಮಂದಿರದಲ್ಲಿ, 1986ರಲ್ಲಿ ಶುರುವಾದ ಇಂಡಿಪೆಂಡೆನ್ಸ್ ರಾಕ್ ಉತ್ಸವವನ್ನು ನಾನು ಕಾಲೇಜು ಹುಡುಗನಾಗಿ ಟಿಕೆಟ್ಟಿಲ್ಲದೆ ಗೋಡೆಯಾಚೆ ನಿಂತು ಕೇಳಿದ್ದೇನೆ. ಆಸ್ಪತ್ರೆ, ಶಾಲೆ ಕಾಲೇಜು, ನ್ಯಾಯಾಲಯಗಳ ಸುತ್ತಲಿನ 100 ಮೀಟರನ್ನು ನಿಶ್ಶಬ್ದ ವಲಯವೆನ್ನುವ 2000ನೇ ಇಸವಿಯ ಶಬ್ದಮಾಲಿನ್ಯ ನಿಯಮಗಳು ಬಂದ ಮೇಲೆ ಅಂಥ ವಲಯದೊಳಗೇ ಬಿದ್ದ ರಂಗಭವನದಲ್ಲಿ ರಾಕ್ ನಿಂತೇಹೋಯಿತು. ಮಥುರಾದಾಸ್ ಮಿಲ್ ಆವರಣದಲ್ಲಿ 2007ರಲ್ಲಿ ತೆರೆದ ಬ್ಲೂ ಫ್ರಾಗ್ ಎಂಬ ಕ್ಲಬ್ಬು, ಸ್ವಂತ ಹಾಡಿನವರಿಗೆ ಒಳ್ಳೆಯ ಸೌಂಡ್ ಎಂದರೇನೆಂದು ತೋರಿಸಿ 2016ರಲ್ಲಿ ಮುಚ್ಚಿತು. ನಿಮ್ಮ ಪುಣೆಯೇ ವಾಸಿ. ಎನ್‌ಎಚ್7 ವೀಕೆಂಡರ್ ಸಂಗೀತೋತ್ಸವ 2010ರಲ್ಲಿ ಶುರುವಾದದ್ದು ಅಲ್ಲಿಯೇ. ಇಲ್ಲಿ ಮಳೆಯಿಂದಾಗಿ ಜೂನ್‌ನಿಂದ ಸೆಪ್ಟೆಂಬರ್ ತನಕ ಬಯಲಿನ ಕಾರ್ಯಕ್ರಮ ಇಲ್ಲವೇ ಇಲ್ಲವೆನ್ನಬಹುದು. ಚುನಾವಣೆಗೆಂದು ಮದ್ಯ ಮಾರುವಂತಿಲ್ಲದ ಡ್ರೈ ಡೇ ಬಂದರೆ ಕ್ಲಬ್ಬಿನ ಗಿಗ್ ಕೂಡ ರದ್ದು, ಮುಂಗಡ ಪಡೆದಿರದಿದ್ದರೆ ಕೈಗೆ ಏನೂ ಇಲ್ಲ.

ಹಾಗಾದರೆ ಉಳಿದ ಮುಕ್ಕಾಲು ಭಾಗ ಎಲ್ಲಿಂದ ಎಂದರೆ, ಜಾಹೀರಾತಿನ ಜಿಂಗಲ್‌ಗಳಿಗೆ ಬೇಸ್ ನುಡಿಸುವುದು, ಸಂಜೆ ಮಕ್ಕಳಿಗೆ ಪಾಠ, ಬೇರೆ ಬ್ಯಾಂಡ್‌ಗಳ ಕಾರ್ಯಕ್ರಮದಲ್ಲಿ ಸೌಂಡ್ ಮಿಕ್ಸರ್ ಮುಂದೆ ನಿಲ್ಲುವುದು. ಮದುವೆಯ ಸಂಗೀತ್‌ಗೂ ನುಡಿಸಿದ್ದೇನೆ, ನಾಚಿಕೆಯಿಲ್ಲ. ಅಲ್ಲಿ ಹಣ ಅಂದೇ ಸಿಗುತ್ತದೆ.

ನಿಮ್ಮ ಪ್ರಶ್ನೆಯಲ್ಲಿ ಇಲ್ಲದಿದ್ದರೂ ಹೇಳಲೇಬೇಕಾದದ್ದು ಹಕ್ಕಿನ ವಿಷಯ. 2013ರಲ್ಲಿ ನಾವು ನಾಲ್ವರೂ ಜ್ಯಾಮ್ ಪ್ಯಾಡಿನಲ್ಲಿ ಕೂತು ಕಟ್ಟಿದ ಹಾಡನ್ನು, ಆಮೇಲೆ ಬ್ಯಾಂಡ್ ಬಿಟ್ಟುಹೋದ ನಮ್ಮ ಗಾಯಕ ತನ್ನದೊಂದೇ ಹೆಸರಿನಲ್ಲಿ ಜಾಹೀರಾತು ಸಂಸ್ಥೆಯೊಂದಕ್ಕೆ ಇಡಿಗಂಟಿಗೆ ಕೊಟ್ಟುಬಿಟ್ಟ. ಮನೆಯಲ್ಲಿ ಊಟಕ್ಕೆ ಕೂತಾಗ ಟಿವಿಯಲ್ಲಿ ಅದು ಬಂತು. ಇಪ್ಪತ್ತು ಸೆಕೆಂಡಿನಲ್ಲಿ ಬಹುಪಾಲು ಕೇಳುತ್ತಿದ್ದುದು ನನ್ನ ಬೇಸ್. ಯಾರು ಏನು ಮಾಡಿದರೆಂಬುದಕ್ಕೆ ನಮ್ಮ ಬಳಿ ಒಂದು ಚೀಟಿಯೂ ಇರಲಿಲ್ಲ. ಸಾಹಿತ್ಯ, ಸಂಗೀತ ಸಂಯೋಜನೆ, ಧ್ವನಿಮುದ್ರಣ ಈ ಮೂರಕ್ಕೂ ಕಾನೂನಿನಲ್ಲಿ ಬೇರೆ ಬೇರೆ ಹಕ್ಕುಗಳಿವೆ. ಕೃತಿಸ್ವಾಮ್ಯ ಕಾಯ್ದೆಯ 2012ರ ತಿದ್ದುಪಡಿಯ ನಂತರ, ಹಾಡಿನ ಬಳಕೆಗಾಗಿ ಸಾಹಿತಿಗೂ ಸಂಯೋಜಕನಿಗೂ ಬರಬೇಕಾದ ಪಾಲನ್ನು, ಅಂದರೆ ರಾಯಲ್ಟಿಯನ್ನು, ಅವರೇ ಬಿಟ್ಟುಕೊಡುತ್ತೇವೆಂದು ಬರೆದುಕೊಟ್ಟರೂ ಅದು ಊರ್ಜಿತವಲ್ಲ. ಆದರೆ ಸಂಯೋಜಕ ಯಾರೆಂಬುದೇ ಕಾಗದದ ಮೇಲೆ ಇಲ್ಲದಿದ್ದರೆ ಕಾನೂನಾದರೂ ಏನು ಮಾಡೀತು? ಈಗ ಹಾಡು ಮುಗಿದ ರಾತ್ರಿಯೇ ಯಾರ ಪಾಲು ಎಷ್ಟೆಂದು ಬರೆದು ನಾಲ್ವರೂ ಸಹಿ ಹಾಕುತ್ತೇವೆ. ಸಾಹಿತಿ, ಸಂಯೋಜಕರ ಪರವಾಗಿ ರಾಯಲ್ಟಿ ವಸೂಲು ಮಾಡುವ ಐಪಿಆರ್‌ಎಸ್ ಸಂಸ್ಥೆಯಲ್ಲಿ ಸದಸ್ಯತ್ವ ಪಡೆದು ಹಾಡುಗಳನ್ನು ನೋಂದಾಯಿಸಿದ್ದೇವೆ. ಮೊದಲ ರಾಯಲ್ಟಿ 1,146 ರೂಪಾಯಿ ಬಂದಾಗ ತಂದೆಗೆ ತೋರಿಸಿದೆ. ಕನ್ನಡಕ ಏರಿಸಿಕೊಂಡು ನೋಡಿ, "ತಿಂಗ್ಳದ್ದಾ, ವರ್ಷದ್ದಾ ಮಗಾ?" ಎಂದರು.

ಕನ್ನಡದ ಬಗ್ಗೆ ಅಂಜಿಕೆ ಬೇಡ. ರಘು ದೀಕ್ಷಿತ್ ಅವರ ಮೊದಲ ಆಲ್ಬಮ್ಮನ್ನು 2008ರಲ್ಲಿ ಹೊರತಂದದ್ದು ಮುಂಬಯಿಯ ಹಿಂದಿ ಚಿತ್ರಸಂಗೀತ ನಿರ್ದೇಶಕರಾದ ವಿಶಾಲ್–ಶೇಖರ್ ಜೋಡಿಯ ಸಂಸ್ಥೆ. ಅದರ ಕನ್ನಡ ಹಾಡುಗಳಿಗೆ ಕನ್ನಡ ಬಾರದವರೂ ಕುಣಿದರು. ನಮ್ಮ ಸೆಟ್‌ನಲ್ಲಿ ಕನ್ನಡದ ಹಾಡು ಒಂದೇ ಇದೆ. ಅದನ್ನು ಮೂರನೆಯದಾಗಿ ಇಡುತ್ತೇವೆ, ಮೊದಲನೆಯದಾಗಿ ಇಟ್ಟಾಗ ಜನ ಇನ್ನೂ ಬಾರ್ ಕಡೆ ಮುಖ ಮಾಡಿರುತ್ತಾರೆ.

ಇನ್ನು ಕೆಲಸ ಬಿಡುವ ಮಾತು. ನಾನು 2011ರ ಏಪ್ರಿಲ್‌ನಲ್ಲಿ ಎಂಟು ತಿಂಗಳ ಬಾಡಿಗೆ ಕೂಡಿಟ್ಟುಕೊಂಡು ಬಿಟ್ಟೆ. ಮಳೆಗಾಲದ ಲೆಕ್ಕ ಹಿಡಿದಿರಲಿಲ್ಲವಾದ್ದರಿಂದ ಆಗಸ್ಟ್ ಮುಗಿಯುವಷ್ಟರಲ್ಲಿ ಗಂಟು ಕರಗಿತು. ಗಣೇಶ ಚತುರ್ಥಿಗೆ ಊರಿಗೆ ಹೋಗುವ ಬಸ್ ಚಾರ್ಜನ್ನು ತಂಗಿಯ ಹತ್ತಿರ ಕೇಳಿದೆ. ನೀವು ಬಿಡುವುದೇ ಆದರೆ ಸೆಪ್ಟೆಂಬರ್ ಕೊನೆಗೆ ಬಿಡಿ, ಅಕ್ಟೋಬರ್‌ನಿಂದ ಮಾರ್ಚ್ ತನಕದ ಗಿಗ್‌ಗಳು ಎದುರಿಗೆ ಇರುವಾಗ. ಅದಕ್ಕೂ ಮೊದಲು, ಆರು ಹಾಡುಗಳ ಪಾಲನ್ನು ಬರೆದು ಈ ಶನಿವಾರವೇ ನಾಲ್ವರ ಸಹಿ ಹಾಕಿಸಿ.