ಜಡ್ಜ್ ಬಿಳಿಯರಾದರೆ ನ್ಯಾಯ ಸಿಗುತ್ತಾ?

ಪ್ರಶ್ನೆ: ಬ್ರಿಟನ್ನಿನಲ್ಲಿ ವರ್ಣದ್ವೇಷದ ಬಗ್ಗೆ ವಿಚಾರಣಾ ಆಯೋಗ ಕೂರಿಸಿದರೆ ಅಧ್ಯಕ್ಷರು ನಿವೃತ್ತ ಬಿಳಿಯ ಜಡ್ಜೇ ಆಗಿರುತ್ತಾರೆ. ನಂಬೋದು ಹೇಗೆ?

ಉತ್ತರ: ಬಣ್ಣ ನೋಡಿ ಪಕ್ಷಪಾತ ಅಳೆಯೋದನ್ನು ಮೊದಲು ಬಿಡಿ. ಜಡ್ಜ್ ಯಾವ ಜನಾಂಗ, ಯಾವ ಧರ್ಮ ಅನ್ನೋದು ಆಕ್ಷೇಪಣೆಗೆ ಆಧಾರವಲ್ಲ ಅಂತ ಅಲ್ಲಿನ ಮೇಲ್ಮನವಿ ಕೋರ್ಟೇ ಹೇಳಿಯಾಗಿದೆ. ಆದರೂ ವಾಟ್ಸ್ಆ್ಯಪ್ ಪಂಡಿತರು ಬಿಡಲ್ಲ.

ಸ್ಟೀಫನ್ ಲಾರೆನ್ಸ್ ಪ್ರಕರಣ ನೋಡಿ. 1993ರಲ್ಲಿ ಲಂಡನ್ನಿನ ಎಲ್ಥಮ್‌ನಲ್ಲಿ ಬಸ್ಸಿಗೆ ಕಾಯುತ್ತಿದ್ದ ಈ ಕಪ್ಪು ಹುಡುಗನನ್ನು ಬಿಳಿಯ ಹುಡುಗರು ಇರಿದು ಕೊಂದರು, ಪೊಲೀಸರು ತನಿಖೆಯನ್ನು ಹಾಳು ಮಾಡಿದರು. ಇದರ ವಿಚಾರಣಾ ಆಯೋಗಕ್ಕೆ ಗೃಹ ಮಂತ್ರಿ ಆರಿಸಿದ್ದು ನಿವೃತ್ತ ಬಿಳಿಯ ಜಡ್ಜ್ ವಿಲಿಯಂ ಮ್ಯಾಕ್‌ಫರ್ಸನ್ ಅವರನ್ನು. ಮಾಜಿ ಸೈನಿಕ, ಸ್ಕಾಟಿಷ್ ಕುಲವೊಂದರ ಮುಖ್ಯಸ್ಥ. ವಲಸಿಗರ ಅರ್ಜಿಗಳನ್ನು ತಳ್ಳಿಹಾಕೋದೇ ಜಾಸ್ತಿ ಅಂತ ಪತ್ರಿಕೆಯಲ್ಲಿ ಬಂತು. ಬೇರೆಯವರನ್ನು ಕೊಡಿ ಅಂತ ಕುಟುಂಬ ಕೇಳಿತು, ಮಂತ್ರಿ ಒಪ್ಪಲಿಲ್ಲ. ಕುಟುಂಬ ಕೇಳಿದ್ದು ಸರಿಯೇ, ಯಾಕೆಂದರೆ ಅವರು ನೋಡಿದ್ದು ಹಳೆಯ ತೀರ್ಪುಗಳನ್ನು. ಆದರೆ 1999ರಲ್ಲಿ ಅದೇ ಮನುಷ್ಯ ಲಂಡನ್ ಪೊಲೀಸ್ ಇಲಾಖೆಯಲ್ಲಿ ಸಾಂಸ್ಥಿಕ ವರ್ಣದ್ವೇಷ, ಅಂದರೆ ಒಬ್ಬಿಬ್ಬರದ್ದಲ್ಲ, ಇಡೀ ಸಂಸ್ಥೆಯ ನಡವಳಿಕೆಯಲ್ಲೇ ಇರೋ ತಾರತಮ್ಯ, ಇದೆ ಅಂತ ಬರೆದು 70 ಶಿಫಾರಸು ಕೊಟ್ಟರು.

ನಾನು ಕೊಡೋ ಮುಖ್ಯ ಸಲಹೆ: ಪಕ್ಕದ ಕುರ್ಚಿಗಳನ್ನು ನೋಡಿ. ಮ್ಯಾಕ್‌ಫರ್ಸನ್ ಜೊತೆ ಮೂವರು ಸಲಹೆಗಾರರಿದ್ದರು. ಒಬ್ಬರು ನಿವೃತ್ತ ಪೊಲೀಸ್ ಅಧಿಕಾರಿ, ಒಬ್ಬರು ಡಾಕ್ಟರ್ ರಿಚರ್ಡ್ ಸ್ಟೋನ್, ಇನ್ನೊಬ್ಬರು ಉಗಾಂಡಾದಿಂದ ಬಂದ ಬಿಷಪ್ ಜಾನ್ ಸೆಂಟಾಮು. ಪೊಲೀಸ್ ಕಮಿಷನರ್ ಎದುರು ಕೂತಾಗ, ಸಾಂಸ್ಥಿಕ ವರ್ಣದ್ವೇಷ ಇದೆ ಅಂತ ಒಪ್ಪಿಕೊಳ್ಳಿ ಅಂತ ಪಟ್ಟು ಹಿಡಿದಿದ್ದು ಈ ಡಾಕ್ಟರು! ಕಮಿಷನರ್ ಒಪ್ಪಲಿಲ್ಲ, ಅದು ಬೇರೆ ಮಾತು. ಹಾಗಾಗಿ ಜಡ್ಜ್ ಬದಲಾಯಿಸಿ ಅಂತ ಕೂಗೋ ಮುಂಚೆ, ಇಂಥ ಸಲಹೆಗಾರರು ಬೇಕು ಅಂತ ಲಿಖಿತವಾಗಿ ಕೇಳಿ. 2005ರ ವಿಚಾರಣಾ ಕಾಯ್ದೆಯಲ್ಲಿ ಇದಕ್ಕೆ ಅವಕಾಶ ಇದೆ. ಜಡ್ಜ್‌ಗೆ ಯಾವುದಾದರೂ ಕಡೆಯವರ ಜೊತೆ ಹತ್ತಿರದ ನಂಟಿದೆ ಅನ್ನೋ ದಾಖಲೆ ಸಿಕ್ಕಿತೋ, ಅವತ್ತೇ ಆಕ್ಷೇಪಣೆ ಬರೆಯಿರಿ. ಸಾಕ್ಷಿಗಳೆಲ್ಲ ಮುಗಿದ ಮೇಲೆ ಎದ್ದರೆ, ಸೋಲೋ ಭಯಕ್ಕೆ ಬಂದಿದ್ದಾರೆ ಅಂತಾರೆ.

ಪ್ರಶ್ನೆ: ಅಧ್ಯಕ್ಷರನ್ನು ಖಾಸಗಿಯಾಗಿ ಭೇಟಿಯಾಗಿ ನಮ್ಮ ನೋವು ಹೇಳಬಹುದಾ?

ಉತ್ತರ: ನನ್ನ ಕೇಳಿದರೆ ಬೇಡ. ಸ್ಕಾಟ್ಲೆಂಡಿನಲ್ಲಿ ಪೊಲೀಸರು ಹಿಡಿದಾಗ ಸತ್ತ ಕಪ್ಪು ವ್ಯಕ್ತಿ ಶೇಕು ಬಾಯೋ ಸಾವಿನ ವಿಚಾರಣೆ ನಡೆಸುತ್ತಿದ್ದ ಜಡ್ಜ್ ಲಾರ್ಡ್ ಬ್ರಾಕಡೇಲ್, ಕುಟುಂಬವನ್ನು ಭೇಟಿಯಾಗಿದ್ದಕ್ಕೇ ಪೊಲೀಸರ ಸಂಘ ತಕರಾರು ಎತ್ತಿ, ಅವರು 2025ರಲ್ಲಿ ರಾಜೀನಾಮೆ ಕೊಡಬೇಕಾಯಿತು. ಒಳ್ಳೆಯ ಮನಸ್ಸಿನಿಂದಲೇ ಭೇಟಿಯಾಗಿರಬಹುದು, ಆದರೆ ಏಟು ಬಿದ್ದಿದ್ದು ಕುಟುಂಬಕ್ಕೆ ತಾನೇ?

ಪ್ರಶ್ನೆ: ದುಡ್ಡು ಕೊಟ್ಟರೆ ಜಡ್ಜ್ ಬದಲಾಯಿಸೋ ಅರ್ಜಿ ಬರೆದುಕೊಡ್ತಾರಂತೆ?

ಉತ್ತರ: ಕೊಡ್ತಾರೆ. ದುಡ್ಡು ಹೋಗುತ್ತೆ, ಜಡ್ಜ್ ಇರ್ತಾರೆ.