ಕೊನೇ ಪುಟ ಹರಿದ ಪುಸ್ತಕ

ಪತ್ರ: ಕನ್ನಡ ಎಂ.ಎ. ಓದುತ್ತಿರುವ ಅರಸೀಕೆರೆಯ ಓದುಗರೊಬ್ಬರು ಹೀಗೆ ಬರೆದಿದ್ದಾರೆ: ‘ಪತ್ತೇದಾರಿ ಕಾದಂಬರಿಗಳ ಮೇಲೆ ಕಿರುಪ್ರಬಂಧ ಬರೆಯುವ ಆಸೆ. ಅದೆಲ್ಲ ಟೈಂಪಾಸ್ ಎನ್ನುತ್ತಾರೆ ಗೆಳೆಯರು. ಕೊಲೆಗಾರ ಯಾರೆಂದು ಗೊತ್ತಾದ ಮೇಲೆ ಅದರಲ್ಲಿ ಉಳಿಯುವುದು ಏನು?’

ಸಂಪಾದಕರ ಉತ್ತರ: ಕೊಲೆಗಾರ ಯಾರೆಂದು ಗೊತ್ತಾದ ಮೇಲೆಯೇ ನಿಮ್ಮ ಕೆಲಸ ಶುರು. ಇದನ್ನು ನಾನು ಕಲಿತದ್ದು ಕೊನೇ ಪುಟ ಹರಿದುಹೋದ ಒಂದು ಪುಸ್ತಕದಿಂದ. ನಮ್ಮೂರಿನ ಬಾಡಿಗೆ ಲೈಬ್ರರಿಯಿಂದ ತಂದದ್ದು. ರಾತ್ರಿ ಹನ್ನೊಂದಕ್ಕೆ ನೋಡಿದರೆ ಕೊನೇ ಹಾಳೆಯೇ ಇಲ್ಲ! ಬೇರೆ ದಾರಿಯಿಲ್ಲದೆ ಮತ್ತೆ ಮೊದಲಿಂದ ಓದಿದೆ. ಯಾರು ಯಾವಾಗ ಎಲ್ಲಿದ್ದರು, ಯಾರ ಮಾತು ಯಾಕೆ ಅರ್ಧಕ್ಕೇ ನಿಂತಿತು ಅಂತ ಗುರುತು ಹಾಕುತ್ತಾ ಹೋದೆ. ಮೊದಲ ಸಲ ಹಾರಿಸಿಕೊಂಡು ಓದಿದ ಸಾಲುಗಳಲ್ಲೇ ಸುಳಿವೆಲ್ಲ ಇತ್ತು.

1966ರಲ್ಲಿ ತೊದೊರೊವ್ ಎಂಬ ವಿಮರ್ಶಕರು ಒಂದು ಸರಳ ಮಾತು ಹೇಳಿದರು. ಪತ್ತೇದಾರಿ ಕಥೆಯೊಳಗೆ ಎರಡು ಕಥೆಗಳಿರುತ್ತವೆ. ಒಂದು, ಅಪರಾಧದ ಕಥೆ. ಅದು ಮುಗಿದುಹೋಗಿದೆ, ನಮಗೆ ಕಾಣುವುದಿಲ್ಲ. ಇನ್ನೊಂದು, ಅದನ್ನು ಹುಡುಕುವ ಕಥೆ. ನಾವು ಓದುವುದು ಇದನ್ನೇ. ಮೊದಲ ಕಥೆಯನ್ನು ಎರಡನೆಯದರ ಒಳಗೆ ಎಷ್ಟು ತೋರಿಸಬೇಕು, ಎಷ್ಟು ಮುಚ್ಚಿಡಬೇಕು ಎಂಬುದರಲ್ಲೇ ಬರೆಯುವವರ ಕಸುಬು ಇದೆ.

ಆ ಕಸುಬು ನೋಡಬೇಕೆಂದರೆ ಇಂಗ್ಲೆಂಡಿನ ಅಗಾಥಾ ಕ್ರಿಸ್ಟಿ 1926ರಲ್ಲಿ ಪ್ರಕಟಿಸಿದ ರೋಜರ್ ಆಕ್‌ರಾಯ್ಡ್ ಕೊಲೆಯ ಕಾದಂಬರಿಯನ್ನು ಎರಡು ಸಲ ಓದಿ. ಮಧ್ಯೆ ಜಾಸ್ತಿ ದಿನ ಬಿಡಬೇಡಿ. ಲೇಖಕಿ ಮೋಸ ಮಾಡಿದರು ಎಂದು ಆಗ ಕೆಲವರು ಸಿಟ್ಟಾದರು. ಪತ್ತೇದಾರಿ ಕಾದಂಬರಿಗಳನ್ನೇ ಬರೆಯುತ್ತಿದ್ದ ಇನ್ನೊಬ್ಬ ಲೇಖಕಿ ಡೊರೊತಿ ಸೇಯರ್ಸ್ ಕ್ರಿಸ್ಟಿಯವರ ಪರವಾಗಿ ನಿಂತರು. ಎಲ್ಲರನ್ನೂ ಅನುಮಾನಿಸುವುದು ಓದುಗರ ಕೆಲಸ ಎಂಬುದು ಅವರ ವಾದ. ನನಗೂ ಅದೇ ಸರಿ ಅನಿಸುತ್ತದೆ. ಎರಡನೇ ಓದಿನಲ್ಲಿ ನೋಡಿ, ಸುಳಿವು ನಮ್ಮ ಕಣ್ಣೆದುರೇ ಇರುತ್ತದೆ. ಕೊಲೆಗಾರ ಯಾರೆಂದು ಇಲ್ಲಿ ಹೇಳಿ ನಿಮ್ಮ ಮೊದಲ ಓದನ್ನು ಕೆಡಿಸಲಾರೆ.

ಲೇಖಕರ ಬದುಕನ್ನೂ ನೋಡಿ, ಆದರೆ ಬರವಣಿಗೆಗೆ ತಾಗುವಷ್ಟು ಮಾತ್ರ. ಮೊದಲ ಮಹಾಯುದ್ಧದ ಕಾಲದಲ್ಲಿ ಕ್ರಿಸ್ಟಿ ಟಾರ್ಕಿ ಊರಿನ ಆಸ್ಪತ್ರೆಯಲ್ಲಿ ಔಷಧಿ ಕೊಡುವ ವಿಭಾಗದಲ್ಲಿದ್ದರು. ಅವರ ಕಥೆಗಳಲ್ಲಿ ವಿಷ ಅಷ್ಟು ಸಲ ಬರುವುದು, ಅಷ್ಟು ಕರಾರುವಾಕ್ಕಾಗಿ ಬರುವುದು ಸುಮ್ನೆ ಅಲ್ಲ.

1929ರಲ್ಲಿ ರೊನಾಲ್ಡ್ ನಾಕ್ಸ್ ಎಂಬ ಪಾದ್ರಿ ಈ ಬಗೆಯ ಕಥೆಗಳಿಗೆ ಹತ್ತು ನಿಯಮ ಬರೆದರು. ಪತ್ತೇದಾರನಿಗೆ ಸಿಕ್ಕ ಸುಳಿವು ಓದುಗರಿಗೂ ಸಿಗಬೇಕು ಎನ್ನುವುದು ಒಂದು. ಪತ್ತೇದಾರನ ಗೆಳೆಯನ ಬುದ್ಧಿ ಸಾಮಾನ್ಯ ಓದುಗನಿಗಿಂತ ಚೂರೇ ಚೂರು ಕಮ್ಮಿ ಇರಬೇಕು ಎನ್ನುವುದು ಇನ್ನೊಂದು. ಆ ಗೆಳೆಯ ತಪ್ಪು ಊಹಿಸಿದಾಗಲೆಲ್ಲ ನಮಗೆ ಧೈರ್ಯ ಬರುತ್ತದೆ, ಅಲ್ವಾ?

ಇನ್ನು ಕನ್ನಡ. ನಿಮ್ಮ ಪ್ರಬಂಧ ಇಲ್ಲಿ ನಿಲ್ಲಲಿ ಎಂದು ನನ್ನ ಆಸೆ. ಎನ್. ನರಸಿಂಹಯ್ಯನವರು ಶಾಲೆಯಲ್ಲಿ ಓದಿದ್ದು ನಾಲ್ಕನೇ ತರಗತಿವರೆಗೆ. ಬರೆದದ್ದು ಐನೂರಕ್ಕೂ ಹೆಚ್ಚು ಕಾದಂಬರಿ. ಅವರ ಪತ್ತೇದಾರ ಪುರುಷೋತ್ತಮನಿಗಾಗಿ ಜನ ಕಾದು ಕೂತು ಓದಿದರು. ಕನ್ನಡ ಬಾವುಟದ ಜೊತೆ ನಾವು ನೆನೆಯುವ ಮ. ರಾಮಮೂರ್ತಿಯವರೂ ಪತ್ತೇದಾರಿ ಬರೆದವರೇ. ಎಷ್ಟೋ ಜನ ಪುಸ್ತಕ ಹಿಡಿಯುವ ಅಭ್ಯಾಸ ಮಾಡಿಕೊಂಡದ್ದು ಇಂಥ ಕಾದಂಬರಿಗಳಿಂದ. ಅವನ್ನು ಟೈಂಪಾಸ್ ಎಂದು ತಳ್ಳಿದರೆ ನನಗೆ ನಿಜಕ್ಕೂ ನೋವಾಗುತ್ತದೆ.

ಈ ಪುಸ್ತಕಗಳನ್ನು ಓದಿ ಓದಿಯೇ ಜನ ಹರಿದುಹಾಕಿದ್ದಾರೆ. ಆದ್ದರಿಂದ ರಜೆಯಲ್ಲಿ ಮೊದಲು ಹುಡುಕಾಟಕ್ಕೆ ಇಳಿಯಿರಿ. ಬೆಂಗಳೂರಿನ ಅವೆನ್ಯೂ ರಸ್ತೆಯ ಹಳೇ ಪುಸ್ತಕದ ಅಂಗಡಿಗಳು, ನಿಮ್ಮ ಊರಿನ ಹಿರಿಯರ ಅಟ್ಟ, ಮುಚ್ಚಿದ ಬಾಡಿಗೆ ಲೈಬ್ರರಿಗಳ ಮಾಲೀಕರ ಮನೆ, ಯಾವುದನ್ನೂ ಬಿಡಬೇಡಿ. ಸಿಕ್ಕ ಪ್ರತಿಯ ಬೆಲೆ, ಮುದ್ರಣದ ವರ್ಷ, ಮುಖಚಿತ್ರ, ಒಳಗಿನ ಲೈಬ್ರರಿ ಮೊಹರು, ಎಲ್ಲವನ್ನೂ ಬರೆದಿಟ್ಟುಕೊಳ್ಳಿ. ಮೊದಲು ಸಿಕ್ಕ ಪುಸ್ತಕವನ್ನು ಎರಡು ಸಲ ಓದಿ, ಸುಳಿವುಗಳು ಯಾವ ಯಾವ ಪುಟದಲ್ಲಿವೆ ಎಂಬ ಪಟ್ಟಿಯನ್ನು ನನಗೆ ಕಳಿಸಿ. ಕಾಯುತ್ತಿರುತ್ತೇನೆ.